ಕೊರಿಯದ ರಾಣಿ, ಖ್ಮೇರ್ ಮಾತು ಮತ್ತು ನಮ್ಮತ್ತೆ

ತಪ್ಪನ್ನು ಕಂಡು ಸುಮ್ಮನಿರುವವರೂ ಆ ತಪ್ಪಿನ ಪಾಲುದಾರರೇ ಎಂದು ನಾನು ಕಲಿತ ಶಾಲೆಯಲ್ಲಿ ಹೇಳಿಕೊಟ್ಟಿದ್ದರು. ಎಲ್ಲೆಲ್ಲಿ ಸುಮ್ಮನಿರಬಹುದೆಂದು ಹೇಳಿಕೊಡಲಿಲ್ಲ. ಹೀಗಾಗಿ ಈ ಪರದೇಶದಲ್ಲಿ, ಸಮರ್‌ಸೆಟ್‌ನ ನಮ್ಮ ಬಡಾವಣೆಯಲ್ಲಿ, ಕಸದ ವಿಂಗಡಣೆಯಿಂದ ಹಿಡಿದು ಹಬ್ಬದೂಟಕ್ಕೆ ಗಂಡಸರೇ ಮೊದಲು ಕೂರುವ ಅನ್ಯಾಯದವರೆಗೆ, ನಾನು ಎತ್ತಿ ತೋರಿಸದ ತಪ್ಪಿಲ್ಲ. ನನ್ನನ್ನು ಎರಡನೆಯ ಸಲ ಊಟಕ್ಕೆ ಕರೆದ ಮನೆಗಳೂ ಹೆಚ್ಚಿಲ್ಲ.

ಧಾರವಾಡದಿಂದ ಆರು ತಿಂಗಳಿಗೆಂದು ಬಂದ ನಮ್ಮತ್ತೆಗೆ ಇಲ್ಲಿ ಸಿಕ್ಕವರು ಒಬ್ಬರೇ ಗೆಳತಿ: ಪಕ್ಕದ ಮನೆಯ ಸೋಕಾ ಆಂಟಿ, ಕಾಂಬೋಡಿಯಾದವರು. ಪ್ರತಿ ಶನಿವಾರ ಮಧ್ಯಾಹ್ನ ಇಬ್ಬರೂ ನಮ್ಮ ಸೋಫಾದ ಮೇಲೆ ಕುಳಿತು, ಅವಲಕ್ಕಿ ಚೂಡಾ ಮೆಲ್ಲುತ್ತ, ಆಂಟಿಯ ಖ್ಮೇರ್ ಭಾಷೆಗೆ ಡಬ್ ಆದ ಕೊರಿಯದ ಐತಿಹಾಸಿಕ ಧಾರಾವಾಹಿ ನೋಡುತ್ತಿದ್ದರು. ಆಂಟಿಗೆ ಕನ್ನಡ ಬಾರದು, ಅತ್ತೆಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ಆದರೆ ರಾಣಿ ಅತ್ತರೆ ಇಬ್ಬರೂ ಅಳುತ್ತಿದ್ದರು.

ಒಂದು ಶನಿವಾರ ಅತ್ತೆ ಕೂಗಿದರು: "ಏ, ಬಾ ಇಲ್ಲೆ! ರಾಣಿಗೆ 'ತೇವಿ' ಅಂದ್ರು! ತೇವಿ ಅಂದ್ರ ದೇವಿನs. ಕೊರಿಯಾದವ್ರ ಭಾಷಾ ನಮ್ಮದರಾಗಿಂದನs ಹುಟ್ಟೇತಿ ನೋಡು!"

ನಾನು ಆಂಟಿಯ ಕೈಯಿಂದ ರಿಮೋಟ್ ತೆಗೆದುಕೊಂಡೆ. ಕಿವಿಗೆ ಬೀಳುತ್ತಿರುವುದು ಕೊರಿಯನ್ ಅಲ್ಲ, ಖ್ಮೇರ್. ಖ್ಮೇರ್‌ನಲ್ಲಿ ಸಂಸ್ಕೃತದ ಎರವಲು ಪದಗಳಿವೆ. ಎರವಲು ಪಡೆದವರೆಲ್ಲ ನಮ್ಮಿಂದ ಹುಟ್ಟಿದವರೆನ್ನುವುದು ಅಹಂಕಾರ. ಡಬ್ಬಿಂಗ್ ಎಂಬುದಂತೂ ಮೂಲ ನಟಿಯ ಕಂಠಕ್ಕೆ ಬಗೆದ ಅನ್ಯಾಯ. ಇಷ್ಟನ್ನೂ ಎರಡು ಭಾಷೆಗಳಲ್ಲಿ ವಿವರಿಸಿ, ಕೊರಿಯನ್ ಧ್ವನಿಗೆ ಇಂಗ್ಲಿಷ್ ಅಡಿಬರಹ ಹಾಕಿಕೊಟ್ಟೆ. ಸೋಕಾ ಆಂಟಿ ಕನ್ನಡಕ ತಡಕಾಡಿ, ಸ್ವಲ್ಪ ಹೊತ್ತು ಕಣ್ಣು ಕಿರಿದು ಮಾಡಿ ನೋಡಿ, ಎದ್ದು ಹೋದರು. ಮುಂದಿನ ಶನಿವಾರ ಬರಲಿಲ್ಲ.

"ಇದ್ದಾಕಿ ಒಬ್ಬಾಕಿ ಗೆಳತಿ. ಆಕಿನ್ನೂ ತಿದ್ದಿ ಕಳಿಸಿದೆಲ್ಲವಾ," ಎಂದು ಅತ್ತೆ ಚೂಡಾ ಡಬ್ಬಿ ಮುಚ್ಚಿಟ್ಟರು. ನಾನು ಹೇಳಿದ್ದರಲ್ಲಿ ಒಂದಕ್ಷರವೂ ತಪ್ಪಿರಲಿಲ್ಲ. ಸಂಕಟವೇ ಅದು.

ಕ್ಷಮೆ ಕೇಳಲು ಪಕ್ಕದ ಮನೆಗೆ ಹೋದೆ. ಆಂಟಿ ಇಂಗ್ಲಿಷಿನಲ್ಲಿ ಶಾಂತವಾಗಿ ಹೇಳಿದರು: "ನಿಮ್ಮತ್ತೆ ನನ್ನ ರಾಣಿಯನ್ನು ನೆಂಟಳು ಅಂದರು. ನೀನು ನನ್ನ ಕೈಯಿಂದ ರಿಮೋಟ್ ಕಸಿದೆ. ಯಾವುದು ತಪ್ಪು, ನೀನೇ ಹೇಳಮ್ಮ."

ಮನೆಗೆ ಓಡಿ ರಿಮೋಟ್ ತಂದು, ಅವರ ಕೈಗೇ ಕೊಟ್ಟು ಕರೆತಂದೆ.

ಈಗ ಮತ್ತೆ ಖ್ಮೇರ್ ಧ್ವನಿ. ಕಳೆದ ಶನಿವಾರದ ಕಂತಿನಲ್ಲಿ, ದೊರೆಯ ತಪ್ಪುಗಳನ್ನು ಒಂದೊಂದಾಗಿ ಎತ್ತಿ ಹೇಳಿದ ಮಂತ್ರಿಯನ್ನು ದ್ವೀಪಕ್ಕೆ ಗಡೀಪಾರು ಮಾಡಿದರು. ಗೆಳತಿಯರಿಬ್ಬರೂ ಒಟ್ಟಿಗೆ ನನ್ನತ್ತ ತಿರುಗಿ ನಕ್ಕರು. ಶಿಕ್ಷೆ ನ್ಯಾಯಸಮ್ಮತವಲ್ಲವೆಂದು ಹೇಳಲು ಬಾಯಿ ತೆರೆದೆ. ಅತ್ತೆ ಅದರೊಳಗೆ ಒಂದು ಹಿಡಿ ಚೂಡಾ ಹಾಕಿದರು.

ಉಪ್ಪು ಹೆಚ್ಚಾಗಿತ್ತು. ನಾನು ಹೇಳಲಿಲ್ಲ.