ಮೂವತ್ತು-ನಲವತ್ತರ ಹುಣ್ಣು

ನೆಲ್ಸನ್: ಸೊನ್ನೆ! ಇಪ್ಪತ್ತಕ್ಕೆ ಸೊನ್ನೆ!

ಬೆಟ್ಟಮ್ಮ: ಕೊಟ್ಟೋರು ನೀವು. ನನ್ನನ್ಯಾಕೆ ಬಯ್ತೀರಾ ಸಾ?

ನೆಲ್ಸನ್: ಪ್ರೆಶರ್ ಇಂಜುರಿ ಯಾರಿಗೆ ಜಾಸ್ತಿ ಆಗುತ್ತೆ ಅಂತ ಕೇಳಿದ್ರೆ ಏನ್ ಉತ್ತರ ಕೊಟ್ಟಿದ್ದೀರಿ? ‘ಉಪ್ಪಿನಕಾಯಿ ಜಾಸ್ತಿ ತಿನ್ನೋರಿಗೆ’ ಅಂತೆ!

ಬೆಟ್ಟಮ್ಮ: ತಪ್ಪೇನದೆ? ಪ್ರೆಶರ್ ಇರೋರು ಉಪ್ಪಿನಕಾಯಿ ನೆಕ್ಕುದ್ರೆ ತಲೆ ಸುತ್ತಿ ಬೀಳ್ತಾರೆ. ಬಿದ್ಮೇಲೆ ಇಂಜುರಿ ಆಗ್ದೆ ಇನ್ನೇನು, ಮದ್ವೆ ಆದಾತಾ?

ಮೈಸೂರು ಜಯಲಕ್ಷ್ಮಿಪುರಂನ ಆ ನರ್ಸಿಂಗ್ ಹೋಮಿನ ಎರಡನೇ ಮಹಡಿಯ ಟ್ರೈನಿಂಗ್ ಹಾಲ್ ಅದು. ಹೆಸರಿಗೆ ಹಾಲ್, ಮೊನ್ನೆಯವರೆಗೂ ಮುರಿದ ಮಂಚಗಳನ್ನು ಪೇರಿಸಿಟ್ಟಿದ್ದ ಕೋಣೆ. ನೆಲ್ಸನ್ ಬಂದು ಮೂರು ತಿಂಗಳಾಗಿತ್ತು. ಕ್ವಾಲಿಟಿ ಮ್ಯಾನೇಜರ್ ಅಂತೆ. ಕೊರಳಲ್ಲಿ ಕಾರ್ಡು, ಕೈಯಲ್ಲಿ ಟ್ಯಾಬು, ಬಾಯಲ್ಲಿ ಇಂಗ್ಲಿಷು, ಎಲ್ಲ ಇತ್ತು. ರೋಗಿಯ ಮಂಚದವರೆಗೆ ಹೋಗುವುದಕ್ಕೆ ಮಾತ್ರ ಕಾಲು ಬರುತ್ತಿರಲಿಲ್ಲ. ಬೆಟ್ಟಮ್ಮ ಹೆಂಗಸರ ವಾರ್ಡಿನ ಆಯಾ, ಇಪ್ಪತ್ತೆರಡು ವರ್ಷದಿಂದ. ಓದುಬರಹ ಬಾರದು, ಆದ್ದರಿಂದ ಪರೀಕ್ಷೆಯಲ್ಲಿ ಅವಳು ಬಾಯಲ್ಲಿ ಹೇಳಿದ್ದನ್ನು ವಾರ್ಡಿನ ಹಿರಿಯ ನರ್ಸ್ ಪೌಲಿನ್ ಬರೆದುಕೊಟ್ಟಿದ್ದಳು. ಹೇಳಿದ್ದನ್ನು ಹೇಳಿದ ಹಾಗೇ ಬರೆಯುವ ಪ್ರಾಮಾಣಿಕಳು ಪೌಲಿನ್. ಉಪ್ಪಿನಕಾಯಿಯನ್ನೂ ಬಿಡದೆ ಬರೆದಿದ್ದಳು.

ಪೌಲಿನ್: ಸಾರ್, ಹಾಸಿಗೆ ಹುಣ್ಣು ಅಂತ ಕೇಳಿದ್ರೆ ಒಂದೂ ತಪ್ಪು ಹೇಳ್ತಿರ್ಲಿಲ್ಲ ಅವ್ರು. ನೀವು ಪ್ರೆಶರ್ ಅಂದ್ರಿ, ಬೀಪಿ ಅನ್ಕೊಂಡ್ರು.

ನೆಲ್ಸನ್: ಹಾಸಿಗೆ ಹುಣ್ಣು ಅನ್ನೋದು ಹಳೇ ಹೆಸರು ಸಿಸ್ಟರ್. ಅದನ್ನ ಈಗ ಯಾರೂ ಬಳಸೋ ಹಾಗಿಲ್ಲ.

ಬೆಟ್ಟಮ್ಮ: ಹೆಸ್ರು ಬದಲಾಯಿಸ್ಬುಟ್ರೆ ಹುಣ್ಣು ಮಾಯ್ತದಾ ಸಾ? ಅಂಗಿದ್ರೆ ಏಳಿ, ದಿನಕ್ಕೊಂದು ನಾಮಕರಣ ಮಾಡಾನ.

ನೆಲ್ಸನ್: ನಗ್ತೀರಾ? ನಗಿ. ಟೆಸ್ಟ್ ಹಾಳಾಗ್ಲಿ, ನಿಮ್ಮ ವಾರ್ಡಿನ ರಿಪೋರ್ಟ್ ಬಂದಿದೆ. ಹನ್ನೊಂದು ಜನ ರೋಗಿಗಳು, ನಾಲ್ಕು ಜನಕ್ಕೆ ಹುಣ್ಣು! ಸೋಮವಾರದಿಂದ ನೀವು ವಾರ್ಡಿಗೆ ಬರೋ ಹಾಗಿಲ್ಲ. ಕೆಳಗೆ ಲಾಂಡ್ರಿಗೆ ಹೋಗಿ.

ಬೆಟ್ಟಮ್ಮನ ನಗು ನಿಂತಿತು. ಲಾಂಡ್ರಿ ಎಂದರೆ ನೆಲಮಾಳಿಗೆ, ಬ್ಲೀಚಿಂಗ್ ಪೌಡರಿನ ಘಾಟು. ಅದಕ್ಕೇನು ಹೆದರುವ ಹೆಂಗಸಲ್ಲ ಅವಳು. ಆದರೆ ಆರನೇ ನಂಬರ್ ಮಂಚದಲ್ಲಿ ಪುಟ್ಟತಾಯಮ್ಮ ಇದ್ದಾರಲ್ಲ! ಲಕ್ವ ಹೊಡೆದು, ಮಾತು ಬಿದ್ದುಹೋಗಿ, ಆರು ವಾರದಿಂದ ಮಲಗಿದಲ್ಲೇ ಇದ್ದಾರೆ. ಅವರನ್ನು ಎರಡೆರಡು ಗಂಟೆಗೆ ಹೊರಳಿಸುವವರು ಯಾರು? ಈ ಟ್ಯಾಬೇ?

ಬೆಟ್ಟಮ್ಮ: ನನ್ ವಾರ್ಡಲ್ಲಿ ಹುಣ್ಣಾ? ಯಾವ ಬಾಯಿ ಸಾ ಅಂಗಂದಿದ್ದು? ಆ ಬಾಯಿಗೆ ಹುಳ ಬೀಳ!

ನೆಲ್ಸನ್: ನಿಮ್ಮ ಬಾಯೇ!

ಬೆಟ್ಟಮ್ಮ: ಆಂ?

ನೆಲ್ಸನ್: ನಿನ್ನೆ ಸಾಯಂಕಾಲ, ಲಿಫ್ಟ್ ಹತ್ರ. ನಾನು ಒಂದೊಂದೇ ಬೆಡ್ ನಂಬರ್ ಹೇಳಿ ಕೇಳ್ದೆ, ನೀವು ಹೇಳಿದ್ರಿ, ನಾನು ಟ್ಯಾಬಲ್ಲಿ ಒತ್ತಿದೆ. ಸೀದಾ ಹೆಡ್ ಆಫೀಸಿಗೆ ಹೋಯ್ತು.

ಪೌಲಿನ್: ಲಿಫ್ಟ್ ಹತ್ರನಾ? ಹೊದಿಕೆ ಎತ್ತಿ ನೋಡಲಿಲ್ವಾ ಸಾರ್?

ನೆಲ್ಸನ್: ನನ್ನ ಕೆಲಸ ಡೇಟಾ ಸಿಸ್ಟರ್. ಹೊದಿಕೆ ಎತ್ತೋದಲ್ಲ.

‘ಹೊದಿಕೆ ಎತ್ತಿ ನೋಡಿ’ ಎಂದು ಬೆಳಗ್ಗೆಯಿಂದ ನಲವತ್ತು ಸ್ಲೈಡು ತೋರಿಸಿದ ಮಹಾನುಭಾವ ಇದೇ ನೆಲ್ಸನ್. ಹದಿನೇಳನೇ ಸ್ಲೈಡಿನಲ್ಲಂತೂ ಅದೇ ಮಾತಿಗೆ ಕೆಂಪು ಬಣ್ಣ ಬೇರೆ ಬಳಿದಿದ್ದ.

ನೆಲ್ಸನ್: ಓದ್ತೀನಿ, ಸುಳ್ಳಾಗಿದ್ರೆ ಸುಳ್ಳು ಅನ್ನಿ. ಬೆಡ್ ಎರಡು, ಥರ್ಡ್ ಸ್ಟೇಜ್.

ಬೆಟ್ಟಮ್ಮ: ಹೂಂ, ಥರ್ಡ್ ಸ್ಟೇಜು.

ನೆಲ್ಸನ್: ಕೇಳಿಸ್ಕೊಂಡ್ರಾ ಸಿಸ್ಟರ್? ಬೆಡ್ ಒಂಬತ್ತು, ಸೆಕೆಂಡ್ ಸ್ಟೇಜ್.

ಬೆಟ್ಟಮ್ಮ: ದಿಟವೇ. ಸೆಕೆಂಡ್ ಸ್ಟೇಜು.

ನೆಲ್ಸನ್: ಹನ್ನೊಂದು. ‘ಸ್ಟೇಜೇ ಇಲ್ಲ’ ಅಂದ್ರಿ. ಅಂದ್ರೆ ಯಾವ ಹಂತ ಅಂತ ಗುರುತಿಸೋಕೂ ಆಗದಷ್ಟು ಕೆಟ್ಟ ಹುಣ್ಣು!

ಬೆಟ್ಟಮ್ಮ: ಅಲ್ಲೆಲ್ಲಿ ಬತ್ತದೆ ಸಾ ಸ್ಟೇಜು? ಅದು ಮಹಾರಾಜ್ರ ಕಾಲದಿಂದ್ಲೂ ಅಂಗೇ ಅದೆ. ಕಾಲಿಡಾಕೆ ಜಾಗ ಇಲ್ಲ.

ನೆಲ್ಸನ್: ಮಹಾರಾಜರ ಕಾಲದಿಂದ!

ನೆಲ್ಸನ್ ಕುರ್ಚಿ ಹಿಡಿದುಕೊಂಡ. ಪೌಲಿನ್ ಹುಬ್ಬು ಗಂಟಿಕ್ಕಿ ಬೆಟ್ಟಮ್ಮನನ್ನೇ ನೋಡಿದಳು. ಮಹಾರಾಜರ ಕಾಲದ ಹುಣ್ಣು ಹೊತ್ತ ರೋಗಿ ತನ್ನ ವಾರ್ಡಿನಲ್ಲಿ ಇದ್ದ ನೆನಪು ಅವಳಿಗಿರಲಿಲ್ಲ.

ನೆಲ್ಸನ್: ಇನ್ನು ಬೆಡ್ ಆರು, ಪುಟ್ಟತಾಯಮ್ಮ. ಫೋರ್ತ್ ಸ್ಟೇಜ್! ಅದಕ್ಕಿಂತ ಮುಂದೆ ಇನ್ನು ಸ್ಟೇಜೇ ಇಲ್ಲ!

ಬೆಟ್ಟಮ್ಮ: ಮುಂದ್ಕೂ ಮಾಡ್ತಾರೆ ಬುಡಿ ಸಾ, ಜನ ಜಾಸ್ತಿ ಆದಂಗೆ. ಅವ್ರು ಮೊದ್ಲು ಥರ್ಡ್ ಸ್ಟೇಜಲ್ಲಿದ್ರು. ಫೋರ್ತ್ ಸ್ಟೇಜಿಗೆ ಹೋಗಿ ಎರಡೊರ್ಸ ಆಯ್ತಂತೆ.

ನೆಲ್ಸನ್: ಎರಡು ವರ್ಷ! ಥರ್ಡಿಂದ ಫೋರ್ತಿಗೆ ಹೋಗೋದನ್ನ ಮನೆಯವರು ಸುಮ್ನೆ ನೋಡ್ಕೊಂಡಿದ್ರಾ?

ಬೆಟ್ಟಮ್ಮ: ಸುಮ್ಕ್ಯಾಕಿರ್ತಾರೆ? ಇನ್ನೂರು ಜನಕ್ಕೆ ಊಟ ಹಾಕ್ಸಿದ್ರಂತೆ.

ನೆಲ್ಸನ್: ಊಟ!

ಬೆಟ್ಟಮ್ಮ: ಓಳ್ಗೆ ಊಟ ಸಾ. ಅವ್ರ ಸೊಸೆನೇ ಅಂದ್ರು.

ನೆಲ್ಸನ್: ಅಯ್ಯೋ ದೇವರೇ! ಸಿಸ್ಟರ್, ಇವ್ರನ್ನೇ ಕೇಳಿ. ಹುಣ್ಣು ಮೈಯಲ್ಲಿ ಎಲ್ಲಿದೆ ಅಂತ ಫಾರ್ಮಲ್ಲಿ ಬರೀಬೇಕು. ‘ಸೈಟ್ ಯಾವುದು’ ಅಂತ ಕೇಳ್ದೆ. ಏನಂದ್ರಿ?

ಬೆಟ್ಟಮ್ಮ: ಕಾರ್ನರ್ ಸೈಟು.

ನೆಲ್ಸನ್: ಕಾರ್ನರ್! ಸೊಂಟದ ಮೂಲೆ ಇರಬೇಕು ಅಂತ ನಾನೇ ಸರಿಮಾಡಿ ಹಾಕ್ದೆ. ಸೈಜ್?

ಬೆಟ್ಟಮ್ಮ: ಮೂವತ್ತು-ನಲವತ್ತು.

ನೆಲ್ಸನ್: ಮೂವತ್ತು ಸೆಂಟಿಮೀಟರ್ ಅಗಲ, ನಲವತ್ತು ಸೆಂಟಿಮೀಟರ್ ಉದ್ದ!

ಪೌಲಿನ್: ಸಾರ್, ಪುಟ್ಟತಾಯಮ್ಮ ಮೂವತ್ತೆಂಟು ಕೇಜಿ. ಅಷ್ಟು ದೊಡ್ಡ ಹುಣ್ಣಿಗೆ ಅವರ ಹತ್ರ ಬೆನ್ನೇ ಇಲ್ಲ.

ಬೆಟ್ಟಮ್ಮ: ಯಾವ ಸೆಂಟಿಮೀಟರ್ರು ಸಾ? ಅಡಿ! ಮೂವತ್ತಡಿ, ನಲ್ವತ್ತಡಿ. ಎರಡು ಕಡೆ ರೋಡು, ಪೂರ್ವಕ್ಕೆ ಬಾಗ್ಲು, ಸಂಪ್ ಬೇರೆ ಅದೆ.

ಪೌಲಿನ್ ಸೆರಗಿಲ್ಲದ ಯೂನಿಫಾರ್ಮಿನಲ್ಲಿ ಬಾಯಿ ಮುಚ್ಚಿಕೊಳ್ಳಲು ಏನೂ ಸಿಗದೆ ಉತ್ತರಪತ್ರಿಕೆಯನ್ನೇ ಮುಖಕ್ಕೆ ಹಿಡಿದಳು. ಅದರ ಹಿಂದಿನಿಂದ ಅವಳ ದನಿ ಬಂತು.

ಪೌಲಿನ್: ಸಾರ್... ಅದು ವಿಜಯನಗರ ಬಡಾವಣೆ ಫೋರ್ತ್ ಸ್ಟೇಜು. ಎರಡನೇ ಬೆಡ್ಡಿನೋರು ಗೋಕುಲಂ ಥರ್ಡ್ ಸ್ಟೇಜು. ಒಂಬತ್ತನೇದು ಬೋಗಾದಿ ಸೆಕೆಂಡ್ ಸ್ಟೇಜು. ಹನ್ನೊಂದು ಮಂಡಿ ಮೊಹಲ್ಲಾ, ಅಲ್ಲಿ ಸ್ಟೇಜ್ ಇಲ್ಲ. ನೀವು ಹೆಡ್ ಆಫೀಸಿಗೆ ಮನೆ ವಿಳಾಸ ಕಳಿಸಿದ್ದೀರಿ!

ಬೆಟ್ಟಮ್ಮ: ಮತ್ತೆ? ‘ಬೆಡ್ ಆರು ಎಷ್ಟ್ನೇ ಸ್ಟೇಜು’ ಅಂತ ನೀವು ಕೇಳುದ್ರಿ. ಮನೇಗೆ ಬುಡಾಕೆ ಆಂಬುಲೆನ್ಸ್‌ನೋನಿಗೆ ಏಳಾಕೆ ಕೇಳ್ತಾವ್ರೆ ಅನ್ಕಂಡೆ. ಮೈಸೂರಲ್ಲಿ ಯಾರನ್ನಾರ ನಿಲ್ಸಿ ಎಷ್ಟ್ನೇ ಸ್ಟೇಜು ಅಂತ ಕೇಳಿ ನೋಡಾನ, ಮನೆ ದಾರಿ ಏಳ್ತಾರೋ, ಅಂಗಿ ಎತ್ತಿ ಹುಣ್ಣು ತೋರುಸ್ತಾರೋ!

ತಪ್ಪು ಗೊತ್ತಾದ ಮೇಲೆ ಮನುಷ್ಯ ತಲೆ ತಗ್ಗಿಸಬೇಕು. ನೆಲ್ಸನ್ ದನಿ ಏರಿಸಿದ.

ನೆಲ್ಸನ್: ಹಾಗಂತ ಹುಣ್ಣಿಲ್ಲ ಅಂತ ಏನು ಗ್ಯಾರಂಟಿ? ಎರಡು ಗಂಟೆಗೊಮ್ಮೆ ಪೊಸಿಷನ್ ಚೇಂಜ್ ಮಾಡಿ ಚಾರ್ಟಲ್ಲಿ ಬರೀಬೇಕು. ನಿಮ್ಮ ಚಾರ್ಟ್ ಖಾಲಿ! ಬರೆಯದೇ ಇದ್ರೆ ಮಾಡಿಲ್ಲ ಅಂತಾನೇ ಅರ್ಥ!

ಅಷ್ಟರಲ್ಲಿ ಬೆಟ್ಟಮ್ಮನ ಸೊಂಟದ ಚೀಲದೊಳಗಿನಿಂದ ಒಂದು ಹುಡುಗಿ ಕೂಗಿಕೊಂಡಳು: “ಅಜ್ಜೀ, ಮಗ್ಗುಲು! ಅಜ್ಜೀ, ಮಗ್ಗುಲು!” ನೆಲ್ಸನ್ ಬೆಚ್ಚಿ ಎರಡು ಹೆಜ್ಜೆ ಹಿಂದೆ ಹೋದ.

ಬೆಟ್ಟಮ್ಮ: ಹೆದ್ರುಕೋಬೇಡಿ ಸಾ, ಫೋನು. ನನ್ ಮೊಮ್ಮಗ್ಳು ಸಿಂಚನ ಎರಡೆರಡು ಗಂಟೆಗೆ ಕೂಗಂಗೆ ಮಾಡ್ಕೊಟ್ಟವ್ಳೆ. ಹನ್ನೆರಡಾಯ್ತು. ಮಗ್ಗುಲು ಬದಲಾಯಿಸ್ಬೇಕು, ನಾ ಹೊಂಟೆ.

ನೆಲ್ಸನ್: ಟ್ರೈನಿಂಗ್ ಮಧ್ಯದಲ್ಲಿ ಹೋಗೋ ಹಾಗಿಲ್ಲ!

ಬೆಟ್ಟಮ್ಮ: ಹೊರಳಿಸ್ಬೇಕು ಅಂತ ಏಳ್ಕೊಡಾಕೆ, ಹೊರಳಿಸೋಳ್ನ ಕೂಡಾಕ್ಕೊಂಡಿದ್ದೀರಲ್ಲ, ನಿಮ್ ಬುದ್ಧಿಗೆ ಏನನ್ನಾನ! ಬನ್ನಿ. ಹುಣ್ಣು ಬೇಕು ತಾನೆ ನಿಮ್ಗೆ? ಕಣ್ಣಾರೆ ಹುಡುಕ್ಕೊಳಿ.

ವಾರ್ಡಿನಲ್ಲಿ ಪುಟ್ಟತಾಯಮ್ಮ ಕಿಟಕಿಯ ಕಡೆಗೆ ಮುಖ ಮಾಡಿ ಮಲಗಿದ್ದರು. ಮಂಚದ ಕಂಬಿಗೆ, ಕಿಟಕಿಯ ಬದಿಯಲ್ಲಿ, ಬಟ್ಟೆ ಒಣಹಾಕುವ ನೀಲಿ ಕ್ಲಿಪ್ಪೊಂದು ಕಚ್ಚಿಕೊಂಡಿತ್ತು. ನೆಲ್ಸನ್ ಅದನ್ನು ಕಿತ್ತ.

ನೆಲ್ಸನ್: ಇದೇನು ಕಸ?

ಬೆಟ್ಟಮ್ಮ: ಎಲ್ಲಿತ್ತೋ ಅಲ್ಲೇ ಮಡ್ಗಿ! ಅದೇ ನನ್ ಚಾರ್ಟು. ಕ್ಲಿಪ್ಪು ಕಿಟ್ಕಿ ಕಡೆ ಇದ್ರೆ ಮೊಕ ಕಿಟ್ಕಿ ಕಡೆ. ಈಗ ಬಾಗ್ಲು ಕಡೆ ಹೊರಳ್ಸಿ ಕ್ಲಿಪ್ಪನ್ನೂ ಬಾಗ್ಲು ಕಡೆ ಹಾಕದು. ಸಾಯಂಕಾಲ ಬರೋ ಆಯಾನೂ ಓದ್ದೋಳಲ್ಲ, ಕಂಡ ತಕ್ಷಣ ಗೊತ್ತಾಯ್ತದೆ. ನಿಮ್ ಚಾರ್ಟು ಹೊರಳ್ತದಾ ಸಾ? ಬರೀರಿ ಅಂದ್ರೆ ರಾತ್ರಿದೆಲ್ಲ ಬೆಳಿಗ್ಗೇನೇ ಬರೆದಿಟ್ಬುಡ್ತಾರೆ.

ಪೌಲಿನ್ ಕಿಟಕಿಯಾಚೆ ಏನನ್ನೋ ಬಹಳ ಗಮನವಿಟ್ಟು ನೋಡತೊಡಗಿದಳು.

ಬೆಟ್ಟಮ್ಮ: ವಾಚ್ ಬಿಚ್ಚಿ. ಕೊರಳಿಂದು ಅಂಗಿ ಒಳಿಕ್ಕೆ ತೂರುಸ್ಕೊಳಿ. ಹೂಂ, ಹಿಡ್ಕಳಿ. ಅಯ್ಯಯ್ಯೋ, ಎಳೀಬ್ಯಾಡಿ! ಮೂಟೆಯೇನು ಅದು? ಎಳುದ್ರೆ ಚರ್ಮ ಸುಲ್ದೋಯ್ತದೆ. ಕೆಳ್ಗಡೆ ಬಟ್ಟೆ ಹಿಡ್ದು ಎತ್ತಿ, ಎತ್ತಿ ಹೊರಳ್ಸಿ.

ನೆಲ್ಸನ್‌ಗೆ ಬೆವರು ಕಿತ್ತುಕೊಂಡಿತು. ಇಪ್ಪತ್ತು ಕಡೆ ಟ್ರೈನಿಂಗ್ ಕೊಟ್ಟಿದ್ದನಂತೆ, ಒಂದು ಮೈಯನ್ನು ಹೊರಳಿಸಿದ್ದು ಇದೇ ಮೊದಲು. ಪೌಲಿನ್ ಅಡ್ಡಕ್ಕೆ ಪರದೆ ಎಳೆದು, ಬೆನ್ನಿನ ಬಟ್ಟೆ ಸರಿಸಿದಳು. ಬೆನ್ನು, ಸೊಂಟ, ಹಿಮ್ಮಡಿ, ಎಲ್ಲೂ ಒಂದು ಕೆಂಪು ಕಲೆಯಿಲ್ಲ.

ಬೆಟ್ಟಮ್ಮ: ಹುಡುಕಿ ಸಾ. ಮೂವತ್ತು-ನಲವತ್ತು ಎಲ್ಲದೆ?

ನೆಲ್ಸನ್ ಬಗ್ಗಿ ಹಿಮ್ಮಡಿಯನ್ನು ಇನ್ನೊಮ್ಮೆ ನೋಡಿದ.

ಬೆಟ್ಟಮ್ಮ: ನಮ್ಮತ್ತೆ ಊರಲ್ಲಿ ಮೂರು ತಿಂಗ್ಳು ಇಂಗೇ ಮಲ್ಗಿದ್ರು. ಹೊರಳಿಸ್ಬೇಕು ಅಂತ ಏಳೋರಿರ್ಲಿಲ್ಲ. ಮೂಳೆ ಕಾಣೋಗಂಟ ಹುಣ್ಣಾಗಿ ಹೋದ್ರು. ನೊಣ ಓಡಿಸ್ತಾ ಕೂತಿದ್ದೋಳು ನಾನು. ನನ್ಗೆ ನೀವು ಸ್ಟೇಜು ಏಳ್ಕೊಡ್ತೀರಾ?

ಇನ್ನೊಂದು ಮಾತಾಡಿದರೆ ಬೆಟ್ಟಮ್ಮನಿಗೆ ಅಳು ಬರುತ್ತಿತ್ತು, ಈ ಮನುಷ್ಯನ ಮುಂದೆ ಅಳುವುದುಂಟೇ ಎಂದು ಹಾಸಿಗೆಯ ಸುಕ್ಕು ಬಿಡಿಸುವುದಕ್ಕೆ ಕೈ ಹಾಕಿದಳು. ರೋಗಿಯ ಕೆಳಗೆ ಉದ್ದಕ್ಕೂ ಅಂಗೈ ಆಡಿಸಿದಾಗ ಗಟ್ಟಿಯಾದದ್ದೇನೋ ಸಿಕ್ಕಿತು. ಎಳೆದು ನೋಡಿದರೆ ನೆಲ್ಸನ್‌ನ ಟ್ಯಾಬಿನ ಪೆನ್ನು. ಬಗ್ಗಿದಾಗ ಜೇಬಿನಿಂದ ಜಾರಿಬಿದ್ದಿತ್ತು.

ಬೆಟ್ಟಮ್ಮ: ತಗಳಿ, ಇದು ನಿಮ್ ಫಸ್ಟ್ ಸ್ಟೇಜು. ಸಾಯಂಕಾಲದಗಂಟ ಇಲ್ಲೇ ಇದ್ದಿದ್ರೆ ಸೆಕೆಂಡ್ ಸ್ಟೇಜು. ಹುಣ್ಣು ಹೆಂಗಾಯ್ತದೆ ಅಂತ ಈಗ್ಲಾದ್ರೂ ಗೊತ್ತಾಯ್ತಾ?

ಪುಟ್ಟತಾಯಮ್ಮನ ಬಾಯಿಯ ಒಂದು ಬದಿ ಮೇಲಕ್ಕೆ ಹೋಯಿತು. ಆರು ವಾರದಲ್ಲಿ ಅವರು ನಕ್ಕಿದ್ದು ಅದೇ ಮೊದಲು ಎಂದು ಪೌಲಿನ್ ಆಮೇಲೆ ಎಲ್ಲರಿಗೂ ಹೇಳಿದಳು.

ಅದೇ ಹೊತ್ತಿಗೆ ಟ್ಯಾಬು ಟಿಣ್ ಎಂದಿತು. ಓದಿದ ನೆಲ್ಸನ್ ಮುಖ ಬಿಳುಚಿಕೊಂಡಿತು.

ನೆಲ್ಸನ್: ಸಿಸ್ಟರ್, ಹೆಡ್ ಆಫೀಸು. ಆರನೇ ಬೆಡ್ಡಿನ ಹುಣ್ಣು ನೋಡೋಕೆ ನಾಳೆ ಟೀಮ್ ಬರುತ್ತಂತೆ. ಅಷ್ಟು ದೊಡ್ಡ ಹುಣ್ಣು ಅವರ ಯಾವ ಆಸ್ಪತ್ರೇಲೂ ಇಲ್ವಂತೆ!

ಪೌಲಿನ್: ತಪ್ಪಾಯ್ತು ಅಂತ ತಿದ್ದಿ ಕಳಿಸಿ ಸಾರ್.

ನೆಲ್ಸನ್: ತಿದ್ದೋಕೆ ಬರಲ್ಲ, ಲಾಕ್ ಆಗಿದೆ! ಮನೆ ವಿಳಾಸ ಬರೆದು ಕಳಿಸ್ದೆ ಅಂತ ಗೊತ್ತಾದ್ರೆ ನನ್ನ ಕೆಲಸ ಹೋಗುತ್ತೆ. ವಾಸಿಯಾಯ್ತು ಅಂತ ಹಾಕಿದ್ರೆ ಮಾತ್ರ ತಗೊಳ್ಳುತ್ತೆ.

ಪೌಲಿನ್: ಹಾಕಿ. ಇಲ್ಲದ ಹುಣ್ಣು ಒಂದೇ ರಾತ್ರೀಲಿ ವಾಸಿ ಮಾಡಿದ ಆಸ್ಪತ್ರೆ ಅಂತ ನಮಗೆ ಹೆಸರು ಬರಲಿ.

ನೆಲ್ಸನ್: ಬೆಟ್ಟಮ್ನೋರೇ, ನಾಳೆ ಅವ್ರು ಬಂದಾಗ ನೀವು ಬಾಯಿ ಬಿಡಬಾರದು...

ಬೆಳಗ್ಗೆಯಿಂದ ‘ಬೆಟ್ಟಮ್ಮ’ ಎಂದು ಗುಡುಗುತ್ತಿದ್ದ ಬಾಯಿಗೆ ಈಗ ‘ನೋರೇ’ ಅಂಟಿಕೊಂಡಿತ್ತು. ಬೆಟ್ಟಮ್ಮ ಸೊಂಟದ ಮೇಲೆ ಕೈಯಿಟ್ಟು ನಿಂತಳು.

ಬೆಟ್ಟಮ್ಮ: ಲಾಂಡ್ರಿ?

ನೆಲ್ಸನ್: ಇಲ್ಲ, ಇಲ್ಲ. ನೀವು ವಾರ್ಡಲ್ಲೇ ಇರಿ.

ಬೆಟ್ಟಮ್ಮ: ಕ್ಲಿಪ್ಪು?

ನೆಲ್ಸನ್ ಮುಷ್ಟಿಯಲ್ಲಿದ್ದ ನೀಲಿ ಕ್ಲಿಪ್ಪನ್ನು ತಾನೇ ಮಂಚದ ಕಂಬಿಗೆ ಸಿಕ್ಕಿಸಿದ. ಅದೂ ಕಿಟಕಿಯ ಕಡೆಗೆ. ಬೆಟ್ಟಮ್ಮ ನಿಟ್ಟುಸಿರು ಬಿಟ್ಟು ಅದನ್ನು ತೆಗೆದು ಬಾಗಿಲ ಕಡೆ ಹಾಕಿದಳು. ಇಪ್ಪತ್ತಕ್ಕೆ ಇವನಿಗೆಷ್ಟು ಕೊಡಬಹುದು ಎಂದು ಮನಸ್ಸಿನಲ್ಲೇ ಲೆಕ್ಕ ಹಾಕಿ, ಸೊನ್ನೆಗೇ ನಿಲ್ಲಿಸಿದಳು.

ನೆಲ್ಸನ್: ಇಲ್ಲೊಂದು ಕಾಲಂ ಇದೆ. ಅಷ್ಟು ದೊಡ್ಡದು ಒಂದೇ ದಿನಕ್ಕೆ ಹೇಗೆ ಹೋಯ್ತು ಅಂತ ಕಾರಣ ಬರೀಬೇಕಂತೆ. ಏನಂತ ಬರೀಲಿ?

ಬೆಟ್ಟಮ್ಮ: ಅದ್ಕ್ಯಾಕೆ ಅಷ್ಟು ಯೋಚ್ನೆ ಸಾ? ಒಳ್ಳೆ ರೇಟು ಬಂತು, ಸೈಟ್ ಮಾರ್ಬುಟ್ರು ಅಂತ ಬರ್ಕೊಳಿ.