ಮನ್ಯಾಗಿನ ಮೊಬೈಲು, ಸಾಲ್ಯಾಗಿನ ಕಾಯ್ದೆ

ಸಾಲಿ ಅಂದಮ್ಯಾಲೆ ಇಂಥಾವು ನಡಕೋತ ಇರ್ತಾವ. ನಗು ಬರೂದು ಆಮ್ಯಾಲೆ. ನಡಿಯೂ ಮುಂದ ಹೊಟ್ಟಿ ಉರೀತೈತಿ. ಐನಾಪುರ ಕಡೆ ಒಂದು ಹೈಸ್ಕೂಲಿನ್ಯಾಗ ನಾ ಕನ್ನಡ ಕಲಸ್ತಿದ್ದೆ. ವಾಟ್ಸಾಪು ಆಗಷ್ಟ ಊರಿಗಿ ಕಾಲಿಟ್ಟಿತ್ತು.

ಜಮಾದಾರರ ಪಾಠ

ಮಕ್ಕಳು ಒಬ್ಬರಿಗೊಬ್ಬರು ಕಾಟ ಕೊಡಬಾರದು, ಮೊಬೈಲಿನ್ಯಾಗ ಮಾನ ಕಳೀಬಾರದು ಅಂತ ಕಾಯ್ದೆ ತಿಳಿಸಾಕ ಒಬ್ಬ ಪೊಲೀಸ್ ಜಮಾದಾರರು ಸಾಲಿಗಿ ಬಂದಿದ್ರು.

"ಹೊಲಸು ಮೆಸೇಜು ಯಾವ ನಂಬರಿನಿಂದ ಬಂದೈತೋ, ಮೊದಲ ಆ ನಂಬರಿನ ಮಾಲಕನ್ನ ಹಿಡೀತೀವಿ" ಅಂದ್ರು.

ಹಿಂದಿನ ಬೆಂಚಿನವ ನಿರಾಳಾಗಿ ಗೆಳ್ಯಾಗ ಅಂದ: "ಹಂಗಾದ್ರ ನಮ್ಮಪ್ಪ ಹೋಗ್ತಾನ ಬಿಡ್ಲೇ."

ಎತ್ತರದ ಹುಡುಗಿ

ಒಂಬತ್ತನೇ ಕ್ಲಾಸಿನ್ಯಾಗ ಕಬ್ಬು ಕಡಿಯೋರ ಮಗಳೊಬ್ಬಾಕಿ ಇದ್ಳು. ಎಲ್ಲಾರಕಿಂತ ಒಂದು ಗೇಣು ಎತ್ತರ, ಓದೂದ್ರಾಗ ಎರಡು ಗೇಣು. ಹುಡುಗರು ಅಕಿ ಫೋಟೋ ತಗದು, "ಉಂಟ ಆಲಾ, ವಾಟ ದ್ಯಾ", ಅಂದ್ರ ಒಂಟಿ ಬಂತು, ದಾರಿ ಬಿಡ್ರಿ, ಅಂತ ಮರಾಠಿಯೊಳಗ ಬರದು ಕ್ಲಾಸಿನ ವಾಟ್ಸಾಪ್ ಗ್ರೂಪಿಗಿ ಹಾಕಿದ್ರು. ಅಕಿ ಸಾಲಿಗಿ ಬರೂದ ಬಿಟ್ಟಳು. ಇಂಥಾ ಹುಡುಗಿ ಸಾಲಿ ಬಿಟ್ರ ಹೆಂಗ ಅಂತ ಸಂಕಟಾಗಿ ನಾ ಅವರ ಮನಿಗಿ ಹೋದೆ.

ಅವರವ್ವ ಅಂದ್ಳು: "ಸಾಕ್ರಿ ಟೀಚರ. ಕಬ್ಬು ಕಡ್ಯಾಕ ಬಂದ್ರ ಯಾರೂ ನಗೂದಿಲ್ಲ. ಕಬ್ಬು ಅಕಿಗಿಂತ ಎತ್ತರ ಇರತೈತಿ."

ಮಾಲಕರ ಸಭಾ

ಹೆಡ್‌ಮಾಸ್ತರು ಜಮಾದಾರರ ಮಾತು ಗಟ್ಟ್ಯಾಗಿ ಹಿಡದು, ಹುಡುಗರನ್ನ ಬಿಟ್ಟು ನಂಬರಿನ ಮಾಲಕರನ್ನ ಕರಸಿದ್ರು. ಆಗ ಮನೀಗೊಂದ ಮೊಬೈಲು. ಒಬ್ಬರು ಪಂಚಾಯ್ತಿ ಮೆಂಬರು, ಒಬ್ಬ ಟ್ರಾಕ್ಟರಿನವ, ಒಬ್ಬಾಕಿ ಆಯಿ ಬಂದ್ರು. ಆ ಫೋಟೋ ಮೊದಲ ಹೋಗಿದ್ದು ಆಯಿ ಫೋನಿನಿಂದ. ಕಳಿಸಿದಾವ ಅಕಿ ಮೊಮ್ಮಗ. ಹುಡುಗಿನ್ನೂ ಹೆಂಗೋ ಒಪ್ಪಿಸಿ ಕರಕೊಂಡು ಬಂದಿದ್ದೆ.

"ನಿಮ್ಮ ನಂಬರಿನಿಂದ ಬಂದದ್ದು ನೀವ ಓದ್ರಿ" ಅಂದ್ರು ಹೆಡ್‌ಮಾಸ್ತರು. ಮೆಂಬರು ಕನ್ನಡಕ ಏರಿಸಿ, ಫೋಟೋದ ಕೆಳಗ ಮಗ ಬರದಿದ್ದನ್ನ ಪಂಚಾಯ್ತಿ ಠರಾವು ಓದೂ ಧ್ವನಿಯೊಳಗ ಓದಿದ್ರು: "ಒಂಟಿಗಿ ಗಿಡದ ತಪ್ಪಲಾ ಹಾಕ್ರಿ. ಹ. ಹ. ಹ. ಹ." ಓದಿ ಬೆವತು ಕುಂತ್ರು.

ಆಯಿಗಿ ಓದಾಕ ಬರೂದಿಲ್ಲ, ನಾನ ಓದಿ ಹೇಳಿದೆ. ಕೇಳಿ ಎದ್ದು ಹುಡುಗಿ ಮುಂದ ಹೋಗಿ ಸೆರಗು ಒಡ್ಡಿದ್ಳು. "ನನ್ನ ಫೋನಿನಿಂದ ಬಂತಂದ್ರ ನಾ ಅಂದಂಗ. ತಪ್ಪಾತವ್ವಾ." ಹುಡುಗಿ "ನೀವ್ಯಾಕ್ರಿ ಆಯಿ" ಅಂತ ಅಕಿ ಕೈ ಹಿಡಕೊಂಡು ಅತ್ತಳು. ಮರುದಿನ ಹುಡುಗಿ ಸಾಲಿಗಿ ಬಂದ್ಳು.

ಆಯಿ ಕಾಯ್ದೆ

ಆಯಿ ಮೊಮ್ಮಗನ ಕೈಯಾಗ ಫೋನ್ ಕೊಡೂದು ಬಂದ್ ಮಾಡಿದ್ಳು. ಗ್ರೂಪು ಬಿಡೂದು ಹೆಂಗ ಅಂತ ಅಕಿಗಿ ಗೊತ್ತಿರಲಿಲ್ಲ, ಬಿಡಲೂ ಇಲ್ಲ. ಆದ್ರ ಗುಂಡಿ ಒತ್ತಿ ಹಿಡದು ಮಾತಾಡೂದು ಕಲ್ತಳು. ದಿನಾ ಸಂಜಿಗಿ ಗ್ರೂಪಿನ್ಯಾಗ ಎಲ್ಲಾರಿಗೂ ಕೇಳೂ ಹಂಗ ಶುರು: "ಲೇ ಟ್ರಾಕ್ಟರಿನವನ ಮಗನ, ಇವತ್ತ ಆ ಹುಡುಗಿಗಿ ಏನರ ಅಂದಿಯೇನು? ನೀ ಸಾಲಿಗಿ ಹಚ್ಚಿದ ಮ್ಯಾಲೂ ಹಾಸಗಿ ತೊಯಸ್ತಿದ್ದಿ. ಎಲ್ಲಾರಿಗೂ ಹೇಳ್ಲೇನು?"

ಒಂದಿನ ಆ ಟ್ರಾಕ್ಟರಿನವನ ಮಗ ಕಣ್ಣಾಗ ನೀರು ತಗೊಂಡು ನನ್ನ ಹಂತ್ಯಾಕ ಬಂದ.

"ಟೀಚರ, ಮೊಬೈಲಿನ್ಯಾಗ ಮಕ್ಕಳ ಮಾನ ಕಳದ್ರ ಕಾಯ್ದೆ ಐತಿ ಅಂತ ಜಮಾದಾರರು ಅಂದ್ರಲ್ರಿ. ಅದು ಆಯಿಗಿ ಹತ್ತೂದಿಲ್ಲೇನ್ರಿ?"

"ಹತ್ತತೈತಪಾ" ಅಂದೆ. "ಆದ್ರ ಅಕಿಗಿ ಹೇಳಾಕ ಯಾರನ್ನ ಕಳಸ್ಲಿ?"