ಹನ್ನೆರಡನೆಯ ತಿರುವು ಮತ್ತು ಗಂಜಿಯ ಉಪ್ಪು

ಈ ಬರಹದಲ್ಲಿ ದೋಷಗಳು ಕಂಡುಬಂದರೆ ಓದುಗರು ದಯವಿಟ್ಟು ಕ್ಷಮಿಸಬೇಕು. ನನ್ನ ತವರಿನಲ್ಲಿ ಪದವಿಪತ್ರವನ್ನು ಮೊದಲು ಕೈಯಲ್ಲಿ ಹಿಡಿದವಳು ನಾನು. ಹಿಡಿದ ದಿನದಿಂದ ಯಾವ ವಾಕ್ಯವನ್ನೂ ಮೂರು ಸಲ ಓದಿ ನೋಡದೆ ಇನ್ನೊಬ್ಬರಿಗೆ ಕೊಟ್ಟವಳಲ್ಲ. ನಮ್ಮ ಕಟ್ಟಡದ ಕೆಳಗಿರುವ ಬಕಾಲಾ ಅಂಗಡಿಗೆ ಕಳುಹಿಸುವ ಸಾಮಾನಿನ ಪಟ್ಟಿಗೂ ಕೊನೆಯಲ್ಲಿ ಪೂರ್ಣವಿರಾಮ ಹಾಕುತ್ತೇನೆ. ಇಷ್ಟಾದರೂ ಈ ಸಂಗತಿಯನ್ನು ಸರಿಯಾಗಿ ಹೇಳಬಲ್ಲೆನೆಂಬ ಧೈರ್ಯ ನನಗಿಲ್ಲ. ಏಕೆಂದರೆ ನಾನು ಬರೆಯಹೊರಟಿರುವುದು ಇಳಿಜಾರು ಕಂಡರೆ ತಡೆಯಲಾರದ ಒಬ್ಬ ಹೆಂಗಸಿನ ವಿಷಯ!

ಅವರು ನನ್ನ ಗಂಡನ ಅಕ್ಕ. ನಾನೂ ಅವರನ್ನು ಅಕ್ಕ ಎಂದೇ ಕರೆಯುತ್ತೇನೆ. ದೋಸೆಕಾವಲಿಯಷ್ಟು ಸಪಾಟಾಗಿ, ದೋಸೆಕಾವಲಿಯಷ್ಟೇ ಕಾದಿರುವ ಈ ಕುವೈತಿನಲ್ಲಿದ್ದುಕೊಂಡು ಅವರು ಮಂಜುಗಡ್ಡೆಯ ಮೇಲೆ ಜಾರುವ ಆಟದಲ್ಲಿ ಚಾಂಪಿಯನ್ ಆದರು ಎಂದರೆ ನೀವು ನಂಬುವಿರಾ? ನಾನೂ ನಂಬುತ್ತಿರಲಿಲ್ಲ. ಆದರೆ ಪದಕಗಳು ನಮ್ಮ ಅಡುಗೆಮನೆಯ ಕ್ಯಾಲೆಂಡರಿನ ಮೊಳೆಗೇ ತೂಗುತ್ತಿವೆ. ತಾರೀಖು ನೋಡಬೇಕಾದಾಗಲೆಲ್ಲ ಅವುಗಳನ್ನು ಬದಿಗೆ ಸರಿಸಿಯೇ ನೋಡಬೇಕು.

ಆಟದ ಹೆಸರು ಬಾಬ್‌ಸ್ಲೆಡ್. ಮುಂಭಾಗ ಚೂಪಾದ ಒಂದು ತೊಟ್ಟಿ, ಅದರ ಅಡಿಯಲ್ಲಿ ಉಕ್ಕಿನ ಪಟ್ಟಿಗಳು, ಬೆಟ್ಟದ ತುದಿಯಿಂದ ಬುಡದವರೆಗೆ ಮಂಜುಗಡ್ಡೆಯ ಒಂದು ಓಣಿ. ತೊಟ್ಟಿಯನ್ನು ತಳ್ಳುತ್ತ ಓಡಬೇಕು, ಓಡುತ್ತಲೇ ಒಳಕ್ಕೆ ಹಾರಿ ಕೂರಬೇಕು, ಎರಡು ಹಗ್ಗ ಹಿಡಿದು ತಿರುವುಗಳನ್ನು ದಾಟಿಸಬೇಕು. ಹಗ್ಗ ಹಿಡಿದವರೇ ಪೈಲಟ್. ಅಕ್ಕನದು ಒಬ್ಬರೇ ಕೂರುವ ತೊಟ್ಟಿ. ಬ್ರೇಕ್ ಇದೆ, ಆದರೆ ಅದನ್ನು ಎಳೆಯಬೇಕಾದದ್ದು ಎಲ್ಲ ಮುಗಿದ ಮೇಲೆ!

ಅಕ್ಕ ಶುವೈಖ್‌ನ ಒಂದು ಗ್ಯಾರೇಜಿನಲ್ಲಿ ಸುಮಾರು ಇಪ್ಪತ್ತು ವರ್ಷಗಳಿಂದ ಅಪಘಾತದ ಕಾರುಗಳನ್ನು ಪರೀಕ್ಷಿಸುತ್ತಿದ್ದಾರೆ. ನಜ್ಜುಗುಜ್ಜಾದ ಕಾರಿನ ಸುತ್ತ ಒಮ್ಮೆ ನಡೆದು, ಯಾವ ಭಾಗ ಉಳಿಯುತ್ತದೆ, ಯಾವುದು ಖಲಾಸ್ ಎಂದು ಹೇಳುವುದು ಅವರ ಕೆಲಸ. ಹಿಂದೆ ತಮ್ಮನ್ನು ನೋಡಲು ಬಂದ ಗಂಡುಗಳ ಸುತ್ತಲೂ ಅವರು ಹಾಗೆಯೇ ಒಮ್ಮೆ ನಡೆಯುತ್ತಿದ್ದರೆಂದೂ, ಆಮೇಲೆ ಒಳಗೆ ಬಂದು ಅದೇ ಒಂದು ಪದವನ್ನು ಹೇಳುತ್ತಿದ್ದರೆಂದೂ ನನ್ನ ಗಂಡ ಹೇಳುತ್ತಾರೆ. ಹೀಗಾಗಿ ಅವರ ಮದುವೆ ಆಗಲಿಲ್ಲ. ಅದರ ಬಗ್ಗೆ ಅವರಿಗೆ ಬೇಸರವಿದ್ದುದನ್ನು ನಾನು ಕಂಡಿಲ್ಲ.

ಗ್ಯಾರೇಜಿನಲ್ಲಿ ಗಿರಾಕಿಗಳು ಕಾಯುವ ಕೋಣೆಯ ಟಿವಿಯಲ್ಲಿ ಒಂದು ದಿನ ಈ ಆಟ ಬಂತು. ಆ ಸಂಜೆ ಅಕ್ಕ ಚಪ್ಪಲಿ ಕಳಚುವ ಮೊದಲೇ ನನ್ನನ್ನು ಕರೆದರು.

"ಟೀಚರ್, ಒಂದು ಲೆಟರ್ ಬರೀಲಿಕ್ಕೆ ಉಂಟು."

ನಾನು ಟೀಚರ್ ಅಲ್ಲ. ಮಿರ್ಕಾಬ್‌ನ ಒಂದು ಕಚೇರಿಯಲ್ಲಿ ಪತ್ರವ್ಯವಹಾರ ನೋಡಿಕೊಳ್ಳುವವಳು. ಮದುವೆಯಾಗಿ ಬಂದ ವಾರದಲ್ಲೇ ಅಕ್ಕನ ರಜೆಯ ಅರ್ಜಿಯಲ್ಲಿ ನಾಲ್ಕು ತಪ್ಪುಗಳನ್ನು ತೋರಿಸಿಕೊಟ್ಟದ್ದಕ್ಕೆ ದೊರೆತ ಬಿರುದು ಅದು. ಯುರೋಪಿನ ಯಾವುದೋ ಬೆಟ್ಟದ ಊರಿನಲ್ಲಿ, ಹಿಮ ಬೀಳದ ದೇಶದವರಿಗೂ ಈ ಆಟ ಕಲಿಸುವ ಒಂದು ಶಾಲೆ ಇದೆಯಂತೆ, ಅಲ್ಲಿಗೆ ಬರೆಯಬೇಕಂತೆ. ಯಾರೂ ಉತ್ತರಿಸುವುದಿಲ್ಲವೆಂಬ ಭರವಸೆಯಿಂದ ನಾನು ಬಹಳ ಎಚ್ಚರದಿಂದ ಬರೆದೆ. 'ಅರ್ಜಿದಾರರಿಗೆ ವೇಗದ ವಾಹನಗಳೊಡನೆ ಹದಿನೈದು ವರ್ಷಗಳ ನಿಕಟ ಅನುಭವವಿದೆ' ಎಂಬ ವಾಕ್ಯ ನನ್ನದೇ. ಅದರಲ್ಲಿ ಸುಳ್ಳಿಲ್ಲ. ಆ ವಾಹನಗಳೆಲ್ಲವೂ ಜಜ್ಜಿಹೋಗಿದ್ದವು ಎಂಬುದನ್ನು ಬರೆಯಲಿಲ್ಲ, ಅಷ್ಟೆ!

ಹತ್ತೇ ದಿನಗಳಲ್ಲಿ ಒಪ್ಪಿಗೆ ಬಂತು. ಒಂದಕ್ಷರವೂ ತಪ್ಪಿಲ್ಲದ ಪತ್ರ ಬರೆದರೆ ಹೀಗೂ ಆಗುವುದುಂಟೆಂದು ನನಗೆ ಯಾವ ಕಾಲೇಜಿನಲ್ಲಿಯೂ ಹೇಳಿಕೊಟ್ಟಿರಲಿಲ್ಲ. ಅಂದಿನಿಂದ ಅಕ್ಕನ ಮೈಯ ಒಂದೊಂದು ಮೂಳೆಗೂ ನಾನೇ ಜಾಮೀನು ನಿಂತಂತೆ ಅಳುಕತೊಡಗಿದೆ.

ಅಭ್ಯಾಸಕ್ಕೆ ಬೆಟ್ಟವೆಲ್ಲಿದೆ? ಗ್ಯಾರೇಜಿನ ವೆಲ್ಡರ್ ಭಾಯಿ ಹಳೆಯ ಕಾರುಗಳ ತುಂಡುಗಳನ್ನು ಕೂಡಿಸಿ, ನಾಲ್ಕು ಚಕ್ರದ ಒಂದು ಗಾಡಿ ಮಾಡಿಕೊಟ್ಟರು. ಶುಕ್ರವಾರ ಬೆಳಗ್ಗೆ ಸಬ್ಹಾನಿನ ಗೋದಾಮುಗಳ ನಡುವಿನ ರಸ್ತೆ ಖಾಲಿಯಿರುತ್ತದೆ. ಅಲ್ಲಿ ಅಕ್ಕ ಗಾಡಿಯನ್ನು ತಳ್ಳುತ್ತ ಓಡುವುದು, ಹಾರಿ ಕೂರುವುದು. ಗಾಡಿ ಎಲ್ಲಿ ನಿಂತಿತೋ ಅಲ್ಲಿಂದ ನನ್ನ ಗಂಡ ಅದನ್ನು ಹಿಂದಕ್ಕೆ ಎಳೆದು ತರುವುದು. ಹತ್ತಿರದ ಲೇಬರ್ ಕ್ಯಾಂಪಿನ ಕಾರ್ಮಿಕರು ಚಹಾದ ಲೋಟ ಹಿಡಿದು ಸಾಲಾಗಿ ನಿಂತು ನೋಡುತ್ತಿದ್ದರು. ಒಂದು ದಿನ ಗೋದಾಮಿನ ಕಾವಲುಗಾರ ಬಂದು ಗಾಡಿಯ ಸುತ್ತ ಸುತ್ತಿ, ಇದಕ್ಕೆ ಇಂಜಿನ್ ಎಲ್ಲಿ ಎಂದು ಕೇಳಿದ. ಇಲ್ಲವೆಂದರು ಅಕ್ಕ. ಸ್ಟಿಯರಿಂಗ್? ಅದೂ ಇಲ್ಲ, ಹಗ್ಗ ಇದೆ. ಬ್ರೇಕ್? ಕೊನೆಗೆ. ಅವನು ಸ್ವಲ್ಪ ಹೊತ್ತು ಯೋಚಿಸಿ, ನನ್ನ ಗಂಡನ ಕಡೆಗೆ ತಿರುಗಿ ಮೆಲ್ಲನೆ ಕೇಳಿದ: "ಭಾಯಿ, ಘರ್ ಮೇ ಸಬ್ ಠೀಕ್?"

ಚಳಿಯ ಅಭ್ಯಾಸಕ್ಕೆ ಅಕ್ಕ ಕಂಡುಕೊಂಡ ದಾರಿ ಮೀನಿನ ಕೋಲ್ಡ್ ಸ್ಟೋರೇಜ್. ಪರಿಚಯದವರ ಗೋದಾಮಿನಲ್ಲಿ, ಹೆಲ್ಮೆಟ್ ಹಾಕಿಕೊಂಡು, ಬಂಗುಡೆಯ ಪೆಟ್ಟಿಗೆಗಳ ನಡುವೆ ಅರ್ಧ ಗಂಟೆ ಕೂರುತ್ತಿದ್ದರು. ಇಡೀ ತರಬೇತಿಯಲ್ಲಿ ನನ್ನ ಅತ್ತೆಯವರಿಗೆ ಒಪ್ಪಿಗೆಯಾದ ಭಾಗ ಇದೊಂದೇ. ಏಕೆಂದರೆ ಅಕ್ಕ ಬರುವಾಗ ಎರಡು ಕಿಲೋ ಮೀನು ತರುತ್ತಿದ್ದರು.

ಅತ್ತೆಯವರು ಮಗಳನ್ನು ತಡೆಯಲಿಲ್ಲ. ತಡೆದು ಪ್ರಯೋಜನವಿಲ್ಲವೆಂದು ನಲವತ್ತು ವರ್ಷಗಳಿಂದ ತಿಳಿದಿದ್ದರು. ಅವರು ಮಾಡಿದ್ದು ಇಷ್ಟು: ಮಗಳು ಬೆಟ್ಟದಿಂದ ಇಳಿಯುವ ದಿನ, ಇಳಿದಾಯಿತೆಂದು ಫೋನ್ ಬರುವ ತನಕ ಗಂಜಿಗೆ ಉಪ್ಪು ಹಾಕುತ್ತಿರಲಿಲ್ಲ. ಇದು ಯಾವ ಶಾಸ್ತ್ರದಲ್ಲಿದೆಯೆಂದು ನಾನು ಒಮ್ಮೆ ಕೇಳಿದೆ. "ಶಾಸ್ತ್ರ ನಂಗೊತ್ತಿಲ್ಲ. ನಂಗೆ ಉಪ್ಪು ಹಾಕ್ಲಿಕ್ಕೆ ಕೈ ಬರುದಿಲ್ಲ" ಎಂದರು. ಫೋನ್ ತಡವಾದ ದಿನಗಳಲ್ಲಿ ಮನೆಮಂದಿಯೆಲ್ಲ ಸಪ್ಪೆ ಗಂಜಿ ಉಂಡಿದ್ದೇವೆ. ಉಪ್ಪಿನಕಾಯಿಯನ್ನು ಕೂಡ ಅವರು ಅಂದು ಬೀಗ ಹಾಕಿ ಇಡುತ್ತಿದ್ದರು!

ಮೊದಲ ಚಳಿಗಾಲ ಅಕ್ಕ ಬಿದ್ದು ಎದ್ದು ಕಲಿತರು. ಎರಡನೆಯ ಚಳಿಗಾಲದಲ್ಲಿ, ಹಿಮ ಬೀಳದ ದೇಶದವರಿಗೆಂದೇ ಅಲ್ಲಿ ನಡೆಸುವ ಸ್ಪರ್ಧೆಯಲ್ಲಿ ಚಾಂಪಿಯನ್ ಆದರು. ಒಟ್ಟು ಸ್ಪರ್ಧಿಗಳು ಮೂವರು. ಒಬ್ಬಳಿಗೆ ಜ್ವರ ಬಂತು, ಇನ್ನೊಬ್ಬಳ ತೊಟ್ಟಿ ಅವಳನ್ನು ಬಿಟ್ಟು ತಾನೊಂದೇ ಇಳಿದುಹೋಯಿತು. ಈ ವಿವರಗಳನ್ನು ಊರಿನವರ ವಾಟ್ಸ್ಆ್ಯಪ್ ಗುಂಪಿನಲ್ಲಿ ಹಾಕಬೇಕೇ ಬೇಡವೇ ಎಂದು ನಾನು ಚಿಂತಿಸುತ್ತಿರುವಾಗಲೇ ನನ್ನ ಗಂಡ 'ಎಲ್ಲರನ್ನೂ ಸೋಲಿಸಿದಳು' ಎಂದು ಹಾಕಿಯಾಗಿತ್ತು.

ಇನ್ನು ಮೂರನೆಯ ಚಳಿಗಾಲದ ವಿಷಯ. ಆ ಓಣಿಯಲ್ಲಿ ಹದಿನಾಲ್ಕು ತಿರುವುಗಳು. ಹನ್ನೆರಡನೆಯದು ಬಹಳ ಉದ್ದ. ತೊಟ್ಟಿ ಗೋಡೆಯ ಮೇಲಕ್ಕೆ ಏರಿ, ಮನಸ್ಸಾದಾಗ ತಾನೇ ಇಳಿಯುತ್ತದೆ. ಅಕ್ಕ ಗಾಬರಿಯಾಗಿ ಹಗ್ಗ ಎಳೆದರು. ತೊಟ್ಟಿ ಮಗುಚಿತು. ಕತ್ತಿನ ಕೆಳಗಿನ ಮೂಳೆ ಮುರಿಯಿತು, ಭುಜ ಕಳಚಿತು. ಅಷ್ಟು ವರ್ಷ ಮಗುಚಿದ ಕಾರುಗಳನ್ನು ನೋಡಿದವರು ಆಸ್ಪತ್ರೆಯ ಹಾಸಿಗೆಯಿಂದ ನಮಗೆ ಫೋನಿನಲ್ಲಿ ಹೇಳಿದ ಮೊದಲ ಮಾತು, ಬಂಪರ್ ಮಾತ್ರ ಹೋಗಿದೆ, ಇಂಜಿನ್ ಸರಿ ಇದೆ ಎಂದು.

ಆ ಫೋನಿನಲ್ಲಿ ಅತ್ತೆ ಅತ್ತರು, ನನ್ನ ಗಂಡ ಬೈದರು. ನನ್ನ ಸರದಿ ಬಂದಾಗ ಎಲ್ಲರೂ ಹೊರಗೆ ಹೋಗಿದ್ದರು. ನಾನು ಫೋನ್ ಹಿಡಿದೆ. ಯಾವ ಮಾತು ಸರಿ? ಪತ್ರ ಬರೆದವಳು ನಾನಲ್ಲವೇ? 'ಧೈರ್ಯವಾಗಿರಿ' ಎನ್ನುವುದು ಒಣ ಮಾತಾಯಿತು, 'ನಾನು ಹೇಳಿರಲಿಲ್ಲವೇ' ಎನ್ನಲು ನಾನು ಏನೂ ಹೇಳಿರಲಿಲ್ಲ. ಹೀಗೆ ವಾಕ್ಯಗಳನ್ನು ಕಟ್ಟುತ್ತ, ಕೆಡವುತ್ತ, ಒಂದು ಮಾತನ್ನೂ ಆಡದೆ ಬಹಳ ಹೊತ್ತು ಕುಳಿತೆ. ಆ ಕಡೆಯಿಂದ ಅವರ ಉಸಿರು ಕೇಳುತ್ತಿತ್ತು. ಆಮೇಲೆ ಅವರು ನಿದ್ದೆಹೋದರು. ಪದವಿ ಓದಿಯೂ ಒಂದು ಸಮಾಧಾನದ ಮಾತು ಬಾರದೆ ಹೋಯಿತಲ್ಲ ಎಂದು ನಾನು ಒಂದು ವರ್ಷ ನಾಚಿಕೆಪಟ್ಟಿದ್ದೇನೆ.

ಮೂಳೆ ಕೂಡಿತು. ಅಕ್ಕ ಇನ್ನೊಮ್ಮೆ ಹೋಗುತ್ತೇನೆಂದರು. ಬಿದ್ದ ತಿರುವನ್ನು ದಾಟದೆ ಆಟ ಬಿಟ್ಟರೆ ಜೀವನವಿಡೀ ಅದೇ ತಿರುವಿನಲ್ಲಿ ಕೂತ ಹಾಗೆ ಎಂಬುದು ಅವರ ವಾದ. ಮತ್ತೆ ಅಭ್ಯಾಸ ಶುರುವಾಯಿತು. ಈ ಬಾರಿ ಹೆಚ್ಚಾಗಿ ಕಣ್ಣು ಮುಚ್ಚಿಕೊಂಡು. ಈ ಪೈಲಟ್ಟರು ಓಟಕ್ಕೆ ಮುಂಚೆ ಇಡೀ ಓಣಿಯನ್ನು ಮನಸ್ಸಿನಲ್ಲೇ ಇಳಿಯುತ್ತಾರೆ. ಕೈಗಳು ಇಲ್ಲದ ಹಗ್ಗವನ್ನು ಎಳೆಯುತ್ತವೆ, ಮೈ ಎಡಕ್ಕೂ ಬಲಕ್ಕೂ ವಾಲುತ್ತದೆ, ಬಾಯಿ ಏನನ್ನೋ ಗೊಣಗುತ್ತದೆ. ಅಕ್ಕ ಇದನ್ನು ಲಿಫ್ಟಿನಲ್ಲಿ ಮಾಡಿದರು, ಟ್ರಾಫಿಕ್ಕಿನಲ್ಲಿ ಮಾಡಿದರು. ಕೊನೆಗೆ, ನಮ್ಮ ಊರಿನವರು ತಿಂಗಳಿಗೊಮ್ಮೆ ಸೇರುವ ಭಜನೆಯಲ್ಲಿಯೂ ಮಾಡಿದರು!

ತುಳುನಾಡಿನವರ ನಡುವೆ ಒಬ್ಬ ಹೆಂಗಸು ಕಣ್ಣು ಮುಚ್ಚಿ, ಮುಷ್ಟಿ ಬಿಗಿದು, ಮೈ ನಡುಗಿಸತೊಡಗಿದರೆ ಅದರ ಅರ್ಥ ಒಂದೇ: ಮೈಮೇಲೆ ದೈವ ಬಂದಿದೆ. ತಾಳ ನಿಂತಿತು. ಯಾರೋ ದೈವದ ಕೈಗೆ ಕೊಡುವ ಅಡಿಕೆಯ ಸಿಂಗಾರದ ಹೂವಿಗಾಗಿ ಹುಡುಕಿ, ಕುವೈತಿನಲ್ಲಿ ಅದು ಸಿಗದೆ ಪ್ಲಾಸ್ಟಿಕ್ಕಿನ ಮಾಲೆಯನ್ನೇ ತಂದರು. ಹೋಟೆಲೊಂದರಲ್ಲಿ ಕೆಲಸ ಮಾಡುವ ಹಿರಿಯರೊಬ್ಬರು ಮುಂದೆ ಬಂದು ಕೈಮುಗಿದರು. ಇರುವ ಕೆಲಸ ಬಿಟ್ಟು, ಸ್ನೇಹಿತನೊಡನೆ ಸ್ವಂತ ಹೋಟೆಲಿಗೆ ಇಳಿಯುವ ಯೋಚನೆ ಅವರಿಗಿತ್ತು.

"ಬಿಡ್ಲಾ, ಬೇಡ್ವಾ? ಅಪ್ಪಣೆ ಆಗ್ಬೇಕು."

ಅಕ್ಕ ಆಗ ಹನ್ನೆರಡನೆಯ ತಿರುವಿನಲ್ಲಿದ್ದರು.

"ಎಂತದೂ ಮಾಡ್ಬೇಡ" ಎಂದರು, ಕಣ್ಣು ತೆರೆಯದೆ. "ಹಿಡ್ಕೊಂಡು ಸುಮ್ನೆ ಕೂತ್ಕೊ."

ಆ ಹಿರಿಯರು ಅಡ್ಡಬಿದ್ದರು. ಕೆಲಸ ಬಿಡಲಿಲ್ಲ. ಸ್ನೇಹಿತನ ಹೋಟೆಲು ಆರು ತಿಂಗಳಿಗೇ ಮುಚ್ಚಿತು. ಅಂದಿನಿಂದ ಪ್ರತಿ ಶುಕ್ರವಾರ ನಮ್ಮ ಮನೆಗೆ ಒಂದು ಡಬ್ಬಿ ಗೋಳಿಬಜೆ ಬರುತ್ತದೆ. ಅವರಿಗೆ ಯಾಕೆ ತನ್ನ ಮೇಲೆ ಇಷ್ಟು ಪ್ರೀತಿ ಎಂದು ಅಕ್ಕ ಕೇಳುತ್ತಾರೆ. ಗೋಳಿಬಜೆ ಚೆನ್ನಾಗಿರುವುದರಿಂದ ನಾವು ಯಾರೂ ಬಾಯಿ ಬಿಟ್ಟಿಲ್ಲ.

ಕೊನೆಯ ಸ್ಪರ್ಧೆಗೆ ಅಕ್ಕ ಹೊರಟಾಗ ಅತ್ತೆ ಒಂದು ಷರತ್ತು ಹಾಕಿದರು. ಈ ಸಲ ಒಬ್ಬಳೇ ಹೋಗಕೂಡದು, ಜೊತೆಗೆ ನಾನು ಹೋಗಬೇಕು. "ನೀನು ಓದಿದವಳು. ಅವಳನ್ನು ಇಡಿಯಾಗಿ ಕರ್ಕೊಂಡು ಬಾ" ಎಂದರು. ಯಾವ ಪಠ್ಯದಲ್ಲಿ ಇದನ್ನು ಓದಿದ್ದೆನೋ ನಾನು! ಆದರೂ ಹೋದೆ. ಇದ್ದ ಸ್ವೆಟರುಗಳನ್ನೆಲ್ಲ ಒಂದರ ಮೇಲೊಂದು ಧರಿಸಿ, ಬೆಟ್ಟದ ಬುಡದಲ್ಲಿ ಅಕ್ಕಿಮೂಟೆಯಂತೆ ನಿಂತೆ.

ಮೇಲಕ್ಕೆ ಹೊರಡುವ ಮೊದಲು ಅಕ್ಕ ಕಿಸೆಯಿಂದ ಒಂದು ಮಡಿಸಿದ ಕಾಗದ ತೆಗೆದು ನನ್ನ ಕೈಗಿಟ್ಟರು. "ನನ್ನ ತಿರುವಿನ ಪಟ್ಟಿ. ನಂಗೆ ಬಾಯಿಪಾಠ ಆಗಿದೆ. ನೀನು ಸುಮ್ನೆ ನಿಂತ್ರೆ ಹೆದರ್ತಿ, ತಪ್ಪು ತಿದ್ದುತ್ತಾ ಇರು ಟೀಚರ್" ಎಂದು ಹೇಳಿ ಹೋದರು.

ನಾನು ಹನ್ನೆರಡನೆಯ ತಿರುವಿನ ಬೇಲಿಯ ಬಳಿ ಹೋಗಿ ನಿಂತು ಕಾಗದ ಬಿಡಿಸಿದೆ. ತಿರುವುಗಳಿಗೆ ಅವರು ಹೆಸರಿಟ್ಟುಕೊಂಡಿದ್ದರು. ಒಂದು, ಅಮ್ಮ: ಮೆಲ್ಲಗೆ ಹೋಗು, ಎದುರು ಮಾತಾಡಬೇಡ. ನಾಲ್ಕು, ತಮ್ಮ: ದೊಡ್ಡ ಸದ್ದು, ಅಪಾಯ ಇಲ್ಲ. ಏಳು, ವೆಲ್ಡರ್ ಭಾಯಿ: ಗಟ್ಟಿ ಉಂಟು, ನಂಬಬಹುದು. ನನಗೆ ನಗು ಬಂತು. ಕಣ್ಣು ಹನ್ನೆರಡಕ್ಕೆ ಇಳಿಯಿತು.

'ಹನ್ನೆರಡು, ಟೀಚರ್. ಎಂತದೂ ಮಾಡಬೇಡ. ಹಿಡಕೊಂಡು ಸುಮ್ಮನೆ ಕೂತುಕೊ. ನಾನು ಆಸ್ಪತ್ರೆಯಲ್ಲಿದ್ದಾಗ ಅವಳು ಫೋನ್ ಹಿಡಕೊಂಡು ಕೂತ ಹಾಗೆ. ದಾಟುತ್ತದೆ.'

ಒಂದು ವರ್ಷ ನಾನು ನಾಚಿಕೆಪಟ್ಟದ್ದನ್ನು ಅವರು ಒಂದು ವರ್ಷ ಕಣ್ಣು ಮುಚ್ಚಿ ಬಾಯಿಪಾಠ ಮಾಡುತ್ತಿದ್ದರು.

ಆ ಕಾಗದದಲ್ಲಿ ತಪ್ಪುಗಳು ಹಲವಿದ್ದವು. ಪೆನ್ನು ನನ್ನ ಕೈಯಲ್ಲೇ ಇತ್ತು. ಒಂದನ್ನೂ ತಿದ್ದಲಿಲ್ಲ.

ಅಷ್ಟರಲ್ಲಿ ಮೇಲಿನಿಂದ ಸದ್ದು ಕೇಳಿಸಿತು. ತಗಡಿನ ಮಾಡಿನ ಮೇಲೆ ಕಲ್ಲುಮಳೆ ಸುರಿದಂಥ ಸದ್ದು. ತೊಟ್ಟಿ ತಿರುವಿಗೆ ನುಗ್ಗಿತು, ಗೋಡೆಯ ಮೇಲಕ್ಕೆ ಏರಿತು, ಕಳೆದ ವರ್ಷ ಮಗುಚಿದ ಎತ್ತರಕ್ಕೇ ಏರಿತು. ಅರ್ಧ ಉಸಿರು ಎಳೆದುಕೊಳ್ಳುವಷ್ಟು ಹೊತ್ತು ನನಗೆ ಕಂಡದ್ದು ಹೆಲ್ಮೆಟ್ ಮಾತ್ರ. ಅದು ಅಲುಗಲಿಲ್ಲ. ಅವರು ಏನೂ ಮಾಡಲಿಲ್ಲ. ಬೇಲಿ ಹಿಡಿದುಕೊಂಡು ನಾನೂ ಏನೂ ಮಾಡಲಿಲ್ಲ. ತೊಟ್ಟಿ ತಾನಾಗಿ ಇಳಿಯಿತು, ನೆಟ್ಟಗಾಯಿತು, ಹೋಯಿತು. ಕೆಳಗೆ ಬ್ರೇಕ್ ಎಳೆದ ಸದ್ದು ಕೇಳಿದ ಮೇಲೆಯೇ ನಾನು ಉಳಿದರ್ಧ ಉಸಿರನ್ನು ಎಳೆದುಕೊಂಡೆ.

ಅಕ್ಕ ಮತ್ತೆ ಚಾಂಪಿಯನ್ ಆದರೆಂಬುದು ನನಗೆ ಬಹಳ ಹೊತ್ತಿನ ಮೇಲೆ ತಿಳಿಯಿತು. ಅದಕ್ಕೂ ಮೊದಲು, ಕೈಗವಸು ಕಳಚಿ ಕುವೈತಿಗೆ ಫೋನ್ ಮಾಡಿದೆ. ಈ ಬಾರಿ ವಾಕ್ಯವನ್ನು ಮೂರು ಸಲ ಯೋಚಿಸಲಿಲ್ಲ.

"ಅತ್ತೆ, ಉಪ್ಪು ಹಾಕಿ."

ಆ ಕಡೆ ಉಪ್ಪಿನ ಭರಣಿಯ ಮುಚ್ಚಳ ತೆರೆದ ಸದ್ದಾಯಿತು. ಆಮೇಲೆ ಅತ್ತೆ ಕೇಳಿದರು: "ಎಷ್ಟು?"

ಐವತ್ತು ವರ್ಷ ಗಂಜಿ ಬೇಯಿಸಿದವರಿಗೆ ಎಷ್ಟೆಂದು ತಿಳಿಯದೇ? ಅಳು ಬಂದಾಗ ಬಾಯಿಗೆ ಬಂದದ್ದನ್ನು ಕೇಳಿದರು, ಅಷ್ಟೆ.

ಅನಂತರ ನಮ್ಮ ಮನೆಯಲ್ಲಿ ಬದಲಾದದ್ದು ಇಷ್ಟು. ಅಕ್ಕ ಆಟ ಬಿಟ್ಟರು. ಶುವೈಖ್‌ನ ಕೆಲಸ ಮುಂದುವರಿದಿದೆ. ಸಬ್ಹಾನಿನ ಗಾಡಿಯನ್ನು ವೆಲ್ಡರ್ ಭಾಯಿ ಬಿಚ್ಚಿ ಬಾಲ್ಕನಿಯಲ್ಲಿ ಚಪ್ಪರ ಮಾಡಿಕೊಟ್ಟಿದ್ದಾರೆ. ಅದರ ಮೇಲೆ ಬಸಳೆ ಹಬ್ಬಿದೆ. ನನ್ನ ಗಂಡ ಶುಕ್ರವಾರ ಎಂಟು ಗಂಟೆಯವರೆಗೆ ನಿದ್ದೆ ಮಾಡುತ್ತಾರೆ. ನಾನು ಕಾರು ಓಡಿಸಲು ಕಲಿಯುತ್ತಿದ್ದೇನೆ. ಅಕ್ಕನೇ ಪಕ್ಕದಲ್ಲಿ ಕೂತು ಕಲಿಸುತ್ತಾರೆ, ಮತ್ತು ಪ್ರತಿ ತಿರುವಿನಲ್ಲಿಯೂ ಹೆದರಿ ಕಣ್ಣು ಮುಚ್ಚಿಕೊಳ್ಳುತ್ತಾರೆ. ಫೋನ್ ಬಂದರೆ ಯಾರೂ ಎದ್ದು ನಿಲ್ಲುವುದಿಲ್ಲ. ಗಂಜಿಗೆ ಹೊತ್ತಿಗೆ ಸರಿಯಾಗಿ ಉಪ್ಪು ಬೀಳುತ್ತದೆ.